ಬೆಟ್ಟದ ಬೆನ್ನು

ದೊಣೆಪಾಳ್ಯ
ದೊಡ್ಡಬಳ್ಳಾಪುರ ತಾಲ್ಲೂಕು
22-1-1995

ಭೀಮರಾಜನಿಗೆ,

ಎರಡು ವರ್ಷದ ಮೇಲೆ ನನ್ನ ಅಕ್ಷರ ನೋಡಿ ನಿನ್ನ ಎದೆ ಧಸಕ್ಕೆನ್ನಬಹುದು. ಇಲ್ಲಿ ಯಾರಿಗೂ ಏನೂ ಆಗಿಲ್ಲ. ಅದನ್ನು ಮೊದಲೇ ಹೇಳಿಬಿಡುತ್ತೇನೆ.

ಅಂಡಮಾನಿನ ಬ್ಯಾರನ್ ದ್ವೀಪದಲ್ಲಿ ಜ್ವಾಲಾಮುಖಿ ಮತ್ತೆ ಎದ್ದಿದೆ ಎಂದು ರೇಡಿಯೋ ವಾರ್ತೆಯಲ್ಲಿ ಹೇಳಿದರು. ನೀನು ಪೋರ್ಟ್ ಬ್ಲೇರಿಗೆ ವರ್ಗ ಮಾಡಿಸಿಕೊಂಡು ಹೋಗಿದ್ದು ಗೊತ್ತಿತ್ತು. ಮಾರನೆಯ ದಿನ ಶಾಲೆಯ ಭೂಪಟ ಬಿಡಿಸಿ ಹುಡುಕಿದೆ. ಹಿಮಾಲಯಕ್ಕೆ, ವಿಂಧ್ಯಕ್ಕೆ, ಸಹ್ಯಾದ್ರಿಗೆ ಕಂದು ಬಣ್ಣ ಬಳಿದಿದ್ದಾರೆ. ನಿನ್ನ ದ್ವೀಪ ಸಾಸಿವೆ ಕಾಳಿನಷ್ಟೂ ಕಾಣಲಿಲ್ಲ. ಅದರ ಹತ್ತಿರ ಹೋಗುವ ಕೆಲಸ ನಿನಗೆ ಬಂದರೆ ಹುಷಾರಾಗಿರು.

ಬರೆಯಲು ಕೂತ ಕಾರಣ ಬೇರೆ. ನಮ್ಮ ಹಾಲುದೊಣೆ ಬೆಟ್ಟದ ತಲೆಯ ಮೇಲಿನ ದೊಣೆ ಒಣಗಿದೆ. ಈ ಸಲ ಮಳೆ ಚೆನ್ನಾಗಿಯೇ ಆಗಿತ್ತು. ನಾನು ಹುಟ್ಟಿದಾಗಿನಿಂದ ಅದರ ತಳ ಕಂಡವರನ್ನು ನಾನು ಕಂಡಿಲ್ಲ. ಮೇಕೆ ಮೇಯಿಸುವ ದ್ಯಾವಮ್ಮ ಬಂದು, "ಟೀಚರಮ್ಮ, ಒಂದೇ ವಾರದಾಗೆ ಬೆಟ್ಟ ನೀರು ಕುಡ್ಕೊಂಡ್ಬಿಟ್ಟೈತೆ" ಎಂದಳು. ನಂಬದೆ ಅವಳ ಜೊತೆ ಹತ್ತಿದೆ. ದೊಣೆಯ ತಳದಲ್ಲಿ ಒಣಪಾಚಿ, ಎರಡು ಸತ್ತ ಕಪ್ಪೆ. ಅಲ್ಲಿಂದ ಬೆನ್ನಿನ ಕಡೆ ಇಳಿದಾಗ ಅಜ್ಜಿಬಂಡೆಯ ಹಿಂದೆ ಉದ್ದಕ್ಕೂ ಒಂದು ಬಿರುಕು ಕಂಡಿತು. ಅಜ್ಜಿಬಂಡೆಯ ಕೆಳಗೆ ಮೇಲಿನ ಸಾಲಿನ ಹನ್ನೊಂದು ಮನೆಗಳಿವೆ, ನನ್ನ ಶಾಲೆ ಇದೆ. ನಿನಗೆ ಇದನ್ನು ಹೇಳಿಕೊಡಬೇಕಾಗಿಲ್ಲ.

ಈ ಬೆಟ್ಟದ ಪಡುವಣ ಮಗ್ಗುಲಲ್ಲಿ ಕಲ್ಲು ಒಡೆಯಬಹುದು ಎಂಬ ವರದಿಗೆ ನೀನು ರುಜು ಹಾಕಿದ ದಿನ ನಿನ್ನೊಡನೆ ಮಾತು ಬಿಟ್ಟೆ. ಈಗಲೂ ಆ ಮಾತನ್ನು ಕೂಡಿಸಲು ಬರೆಯುತ್ತಿಲ್ಲ. ಕಲ್ಲಿನ ವಿದ್ಯೆ ಓದಿದವನನ್ನು ಒಬ್ಬ ಶಿಕ್ಷಕಿ ಕೇಳುತ್ತಿದ್ದಾಳೆ ಎಂದುಕೋ. ಇದರ ಅರ್ಥ ಏನು?

ಅನುಸೂಯಮ್ಮ
ಮುಖ್ಯ ಶಿಕ್ಷಕಿ

ಪೋರ್ಟ್ ಬ್ಲೇರ್
5-2-1995

ಪ್ರೀತಿಯ ಅಕ್ಕನಿಗೆ,

ನಿನ್ನ ಕಾಗದವನ್ನು ಮೂರು ಸಲ ಓದಿದೆ. ಲಕೋಟೆಯ ಮೇಲಿನ ವಿಳಾಸವನ್ನೇ ಅದಕ್ಕಿಂತ ಹೆಚ್ಚು ಸಲ ಓದಿರಬೇಕು.

ನನಗೇನೂ ಅಪಾಯವಿಲ್ಲ. ಕಳೆದ ವಾರ ಹಡಗಿನಲ್ಲಿ ಆ ದ್ವೀಪದ ಸುತ್ತ ಒಂದು ಸುತ್ತು ಹಾಕಿ ಬಂದೆವು. ದಡಕ್ಕೆ ಇಳಿಯಲು ಬಿಡಲಿಲ್ಲ. ದೇಶದಲ್ಲಿ ಉರಿಯುವ ಬೆಟ್ಟ ಇದೊಂದೇ. ದೂರದಿಂದ ನೋಡಿದರೆ ಆಲೆಮನೆಯ ಹೊಗೆಯ ಹಾಗೆ ಸುಮ್ಮನೆ ಏಳುತ್ತಿರುತ್ತದೆ. ಹತ್ತಿರ ಹೋದಾಗ ಒಳಗಿನಿಂದ ಗುಡುಗು. ಹಡಗಿನ ಕಬ್ಬಿಣದ ಕಂಬಿ ಹಿಡಿದ ಕೈಗೆ ಆ ಗುಡುಗು ಗೊತ್ತಾಗುತ್ತದೆ. ನೂರೈವತ್ತು ವರ್ಷಕ್ಕೂ ಮೇಲೆ ಸುಮ್ಮನಿದ್ದು ನಾಲ್ಕು ವರ್ಷದ ಹಿಂದೆ ಎದ್ದಿತ್ತು, ಈಗ ಮತ್ತೆ. ಆದರೆ ಅಲ್ಲಿ ಒಂದು ಗುಡಿಸಲೂ ಇಲ್ಲ. ಎಷ್ಟು ಸಿಟ್ಟು ಬಂದರೂ ಅದಕ್ಕೆ ಕೊಲ್ಲಲು ಯಾರೂ ಸಿಗುವುದಿಲ್ಲ.

ನಮ್ಮ ಬೆಟ್ಟ ಹಾಗಲ್ಲ. ಅದು ಇನ್ನೂರೈವತ್ತು ಕೋಟಿ ವರ್ಷದ ಹಿಂದೆ ತಣ್ಣಗಾದ ಕಲ್ಲು. ಅಂಥ ಕಲ್ಲು ಈರುಳ್ಳಿ ಸಿಪ್ಪೆಯಂತೆ ಪದರ ಪದರವಾಗಿ ಬಿಡುವುದು ಸಹಜ, ಅದಕ್ಕೆ ಸಾವಿರಾರು ವರ್ಷ ಬೇಕು. ದೊಣೆಯ ನೀರು ಯಾವುದೋ ಸಣ್ಣ ಸಂದಿನಲ್ಲಿ ಇಳಿದಿರಬೇಕು. ಗಾಬರಿಯಾಗಬೇಡ.

ನಿನ್ನ ಮಂಡಿನೋವು ಹೇಗಿದೆ?

ನಿನ್ನ ತಮ್ಮ
ಭೀಮರಾಜ

ಮರೆತೆ. ಆ ಬಿರುಕಿನಲ್ಲಿ ಬೆರಳು ತೂರುತ್ತದೆಯೋ, ಮುಷ್ಟಿ ತೂರುತ್ತದೆಯೋ? ಒಳಗಿನ ಅಂಚಿನ ಕಲ್ಲು ಕಪ್ಪಗಿದೆಯೋ, ಬೆಳ್ಳಗಿದೆಯೋ? ಸಾಧ್ಯವಾದರೆ ಬೇಗ ಬರೆ.

ದೊಣೆಪಾಳ್ಯ
19-2-1995

ಭೀಮರಾಜನಿಗೆ,

ಮುಷ್ಟಿ ತೂರುತ್ತದೆ. ಒಂದು ಕಡೆ ಮೊಣಕೈವರೆಗೂ ಹೋಯಿತು. ಅಂಚು ಬೆಳ್ಳಗಿದೆ, ಈಗ ತಾನೇ ಒಡೆದ ತೆಂಗಿನಕಾಯಿಯ ಹಾಗೆ. ಒಳಕ್ಕೆ ಒಂದು ಕಲ್ಲು ಹಾಕಿದೆ. ಸದ್ದು ಉರುಳುತ್ತ ಉರುಳುತ್ತ ಹೋಯಿತು. ಅದು ನಿಂತದ್ದು ಕೇಳಿಸಲಿಲ್ಲ.

ಕ್ವಾರಿಯ ವೆಂಕಟರಮಣಪ್ಪನವರ ಆಫೀಸಿಗೆ ಹೋಗಿದ್ದೆ. ಕುರ್ಚಿ ಕೊಟ್ಟು, ಕಾಫಿ ತರಿಸಿ, ಚೆನ್ನಾಗಿಯೇ ಮಾತಾಡಿದರು. ಕಳೆದ ವರ್ಷ ಶಾಲೆಗೆ ಹೊಸ ಹೆಂಚು ಹೊದಿಸಿಕೊಟ್ಟವರೂ ಅವರೇ, ಅದನ್ನು ನಾನು ಮರೆಯುವ ಹಾಗಿಲ್ಲ. ನಿನ್ನ ವರದಿಗೆ ಕಟ್ಟು ಹಾಕಿಸಿ, ದೇವರ ಪಟದ ಪಕ್ಕದಲ್ಲಿ ತೂಗುಹಾಕಿದ್ದಾರೆ.

"ಓದಿ ಟೀಚರಮ್ಮ, ನಿಮ್ ತಮ್ಮಾರೇ ಬರೆದವ್ರೆ. 'ಬೆಟ್ಟದ ಬೆನ್ನಿನ ಭಾಗವೂ ಸೇರಿದಂತೆ ಎಲ್ಲೂ ಬಿರುಕುಗಳಿಲ್ಲದ ಏಕಶಿಲೆ.' ನಾನು ಓದಿದ್ದು ಏಳ್ನೇ ಕ್ಲಾಸು. ಇದನ್ನ ನಂಬ್ದೆ ಇನ್ಯಾರ್ನ ನಂಬ್ಲಿ?"

ನಿಂತುಕೊಂಡೇ ಓದಿದೆ. ಅವರು ಹೇಳಿದ ಹಾಗೆಯೇ ಇದೆ.

ಭೀಮರಾಜ, ಒಂದೇ ಒಂದು ಪ್ರಶ್ನೆ. ಆ ದಿನ ನೀನು ಬೆನ್ನಿನ ಕಡೆ ಹತ್ತಿದ್ದೆಯಾ?

ಅನುಸೂಯಮ್ಮ

ಪೋರ್ಟ್ ಬ್ಲೇರ್
8-3-1995

ಪ್ರೀತಿಯ ಅಕ್ಕನಿಗೆ,

ಈ ಕಾಗದ ತಲುಪಿದ ದಿನವೇ ಒಂದು ಕೆಲಸ ಮಾಡು. ಕಿಟಕಿಗೆ ಹಾಕುವ ತೆಳು ಗಾಜನ್ನು ಗೇಣುದ್ದ ಕತ್ತರಿಸಿಕೊ. ಬಿರುಕಿನ ಮೇಲೆ ಅಡ್ಡಲಾಗಿಟ್ಟು ಎರಡು ತುದಿಗೂ ಸಿಮೆಂಟು ಮೆತ್ತು. ಬಂಡೆ ಕೂದಲೆಳೆಯಷ್ಟು ಅಲುಗಿದರೂ ಗಾಜು ಒಡೆಯುತ್ತದೆ. ಅದರ ಪಕ್ಕದಲ್ಲಿ ಬಿರುಕಿನ ಆಚೆಗೊಂದು ಈಚೆಗೊಂದು ಕೆಂಪು ಬಣ್ಣದ ಚುಕ್ಕೆ ಇಡು. ಪ್ರತಿ ಭಾನುವಾರ ಶಾಲೆಯ ಅಳತೆಪಟ್ಟಿ ಹಿಡಿದು ಎರಡು ಚುಕ್ಕೆಗಳ ನಡುವಿನ ದೂರ ಬರೆದಿಡು. ಅಲ್ಲಿ ಒಬ್ಬಳೇ ಹೋಗಬೇಡ. ಮದ್ದು ಸಿಡಿಸುವ ಹೊತ್ತಿಗಂತೂ ಹೋಗಲೇಬೇಡ.

ಮೊನ್ನೆ ಮತ್ತೆ ದ್ವೀಪಕ್ಕೆ ಹೋಗಿದ್ದೆವು. ಕರಗಿದ ಕಲ್ಲು ಕಣಿವೆಯಲ್ಲಿ ಹರಿದು ಬಂದು ಸಮುದ್ರಕ್ಕೆ ಇಳಿಯುತ್ತಿತ್ತು. ನೀರು ಕುದಿದು ಬೆಳ್ಳಗೆ ಆವಿ ಏಳುತ್ತಿತ್ತು. ಎಲ್ಲರೂ ಫೋಟೋ ತೆಗೆಯುತ್ತಿದ್ದರು. ನನ್ನ ಕಣ್ಣಿಗೆ ಅಜ್ಜಿಬಂಡೆಯೇ ಬರುತ್ತಿತ್ತು.

ದ್ಯಾವಮ್ಮನ ಮನೆ ಎಲ್ಲಕ್ಕಿಂತ ಮೇಲಿದೆ. ಅವಳನ್ನು ಕೆಳಗಿನ ಸಾಲಿಗೆ ಕರೆತರಲು ಆಗುತ್ತದೆಯೇ ನೋಡು.

ನೀನು ಕೇಳಿದ್ದಕ್ಕೆ ಇನ್ನೊಮ್ಮೆ ಬರೆಯುತ್ತೇನೆ.

ಭೀಮರಾಜ

ದೊಣೆಪಾಳ್ಯ
9-4-1995

ಭೀಮರಾಜನಿಗೆ,

ಗಾಜು ನಾಲ್ಕನೇ ದಿನಕ್ಕೆ ಒಡೆಯಿತು. ಎರಡನೆಯದನ್ನು ಹಾಕಿದೆ, ಅದು ಒಂಬತ್ತು ದಿನ ಇತ್ತು. ಮೂರನೆಯದನ್ನು ಯುಗಾದಿಯ ಮರುದಿನ ಹಾಕಿ ಬಂದು, ಆ ಸಂಜೆ ಮದ್ದು ಸಿಡಿದ ಮೇಲೆ ಹೋಗಿ ನೋಡಿದರೆ ಎರಡು ತುಂಡಾಗಿತ್ತು. ಚುಕ್ಕೆಗಳ ನಡುವೆ ಮೊದಲ ಭಾನುವಾರ ಹನ್ನೆರಡು ಸೆಂಟಿಮೀಟರ್ ಇತ್ತು. ಇವತ್ತು ಹನ್ನೆರಡು ಮುಕ್ಕಾಲು. ಸಾವಿರಾರು ವರ್ಷ ಬೇಕು ಎಂದು ಬರೆದಿದ್ದೆಯಲ್ಲ!

ದಿನಕ್ಕೆ ಎರಡು ಸಲ ಮದ್ದು ಸಿಡಿಸುತ್ತಾರೆ. ಮಧ್ಯಾಹ್ನದ ಸಿಡಿತಕ್ಕೆ ಒಂದನೇ ತರಗತಿಯ ಮಕ್ಕಳು ಈಗ ಬೆಚ್ಚುವುದಿಲ್ಲ. ಸ್ಲೇಟಿನ ಮೇಲೆ ಉದುರಿದ ಹೆಂಚಿನ ಪುಡಿಯನ್ನು ಊದಿ ಮತ್ತೆ ಬರೆಯುತ್ತಾರೆ. ಅದನ್ನು ನೋಡುವುದೇ ನನಗೆ ಕಷ್ಟ.

ತಾಲ್ಲೂಕು ಆಫೀಸಿಗೆ ಎರಡು ಸಲ ಹೋಗಿಬಂದೆ. ಗುಮಾಸ್ತರು ಕಡತ ತೆಗೆದು ನಿನ್ನ ವರದಿಯನ್ನೇ ನನ್ನ ಮುಂದಿಟ್ಟರು. "ತಜ್ಞರು ಹಿಂಗೆ ಬರೆದಿದ್ದಾರಲ್ಲಮ್ಮ, ನೀವು ಗಾಜು ಒಡೀತು ಅಂದ್ರೆ ಏನ್ ಮಾಡಕ್ಕಾಗುತ್ತೆ?" ಎಂದರು. ಊರಿನಲ್ಲಿ ಪಂಚಾಯ್ತಿ ಸೇರಿಸಿದೆ. ಅರ್ಧ ಊರು ಕ್ವಾರಿಯಲ್ಲಿ ದುಡಿಯುತ್ತದೆ. "ಕೆಲ್ಸ ನಿಂತೋದ್ರೆ ನೀವ್ ಅನ್ನ ಹಾಕ್ತೀರಾ ಟೀಚರಮ್ಮ?" ಎಂದು ಒಬ್ಬ ಕೇಳಿದ. ಅವನಿಗೆ ಅ ಆ ಇ ಈ ತಿದ್ದಿಸಿದವಳು ನಾನು.

ದ್ಯಾವಮ್ಮ ಕೆಳಗೆ ಬರುವುದಿಲ್ಲವಂತೆ. "ಅಜ್ಜಿ ಮೊಮ್ಮಕ್ಕಳ ಮ್ಯಾಲೆ ಬೀಳ್ತಾಳಾ?" ಎನ್ನುತ್ತಾಳೆ.

ನಿನ್ನ ಕಾಗದವನ್ನು ಇನ್ನೊಂದು ಕಾಗದವೇ ಅಳಿಸಬೇಕು. ಅದನ್ನು ಯಾರು ಬರೆಯಬೇಕು ಎಂದು ನಿನಗೂ ಗೊತ್ತು. ನಾನು ಕೇಳಿದ ಪ್ರಶ್ನೆಗೆ ನೀನು ಉತ್ತರ ಕೊಟ್ಟಿಲ್ಲ.

ಅನುಸೂಯಮ್ಮ

ಪೋರ್ಟ್ ಬ್ಲೇರ್
17-5-1995

ಅಕ್ಕ,

ಐದು ವಾರ ಸುಮ್ಮನಿದ್ದೆ. ಹಡಗು, ಕೆಲಸ ಎಂದು ಸುಳ್ಳು ಹೇಳುವುದಿಲ್ಲ. ನಾಲ್ಕು ಸಲ ಬರೆದು ಹರಿದೆ.

ಹತ್ತಲಿಲ್ಲ.

ಆ ದಿನ ಜೀಪಿನಲ್ಲಿ ಬಂದೆ. ಪಡುವಣ ಮಗ್ಗುಲು ನೋಡಿದೆ, ಮುಂಭಾಗ ನೋಡಿದೆ, ಕಲ್ಲಿನ ಮಾದರಿ ತೆಗೆದುಕೊಂಡೆ. ಬೆನ್ನಿನ ಕಡೆ ಹೋಗಲಿಲ್ಲ. ಮಳೆ ಇರಲಿಲ್ಲ, ಕಾಲು ನೋವಿರಲಿಲ್ಲ. ವೆಂಕಟರಮಣಪ್ಪ ನನಗೆ ಒಂದು ಎಳನೀರು ಬಿಟ್ಟು ಬೇರೇನೂ ಕೊಡಲಿಲ್ಲ. ಇನ್ನೂ ಹತ್ತುವುದಿದ್ದರೆ ಆಳು ಕಳಿಸುತ್ತೇನೆ ಎಂದು ಅವರಾಗಿಯೇ ಕೇಳಿದರು. ನಾನು ನಕ್ಕು, "ನಮ್ ಬೆಟ್ಟ ನಂಗ್ ಗೊತ್ತಿಲ್ವಾ" ಎಂದೆ. ಕಾರೆಹಣ್ಣು ಕೀಳಲು ಅಲ್ಲಿಗೆ ನೂರು ಸಲ ಹೋದವನು ನಾನು. ಕಣ್ಣು ಮುಚ್ಚಿದರೆ ಒಂದೊಂದು ಕಲ್ಲೂ ಕಾಣುತ್ತದೆ ಎಂಬ ಜಂಬ. ಆ ನೆನಪನ್ನು ನೋಡಿಕೊಂಡೇ ಬರೆದೆ. ಹತ್ತು ವರ್ಷದ ಪೋರನ ಕಣ್ಣಿಗೆ ಸರ್ಕಾರದ ಮೊಹರು ಒತ್ತಿದೆ.

ಇನ್ನೊಂದನ್ನೂ ಹೇಳಬೇಕು. ಅಜ್ಜಿಬಂಡೆಯ ಹಿಂದೆ ಆಗಲೇ ಒಂದು ಸಂದು ಇತ್ತು, ಎರಡು ಬೆರಳು ಹಿಡಿಯುವಷ್ಟು. ನಾನು ಅದರಲ್ಲಿ ಗೋಲಿಗಳನ್ನು ಬಚ್ಚಿಡುತ್ತಿದ್ದೆ. ಕಾಲೇಜಿನಲ್ಲಿ ಬಿರುಕುಗಳ ಬಗ್ಗೆ ದಪ್ಪ ದಪ್ಪ ಪುಸ್ತಕ ಓದಿದೆ. ನನ್ನ ಗೋಲಿಗಳ ಸಂದನ್ನೇ ಬಿರುಕು ಎನ್ನುತ್ತಾರೆ ಎಂದು ಒಂದು ದಿನವೂ ಹೊಳೆಯಲಿಲ್ಲ. ನಿನ್ನ ಮೊದಲ ಕಾಗದ ಓದಿದ ಕ್ಷಣ ಹೊಳೆಯಿತು. ಆದರೂ ಈರುಳ್ಳಿ ಸಿಪ್ಪೆಯ ಪಾಠ ಮಾಡಿದೆ. ಹೆದರಿದ್ದೆ.

ಇದರೊಡನೆ ತಹಸೀಲ್ದಾರರಿಗೆ ಬರೆದ ಪತ್ರವಿದೆ. ಬೆನ್ನಿನ ಕಡೆ ಪರಿಶೀಲಿಸದೆ ವರದಿ ಕೊಟ್ಟೆ, ಅದನ್ನು ಹಿಂತೆಗೆದುಕೊಂಡಿದ್ದೇನೆ, ಅಜ್ಜಿಬಂಡೆ ಯಾವಾಗ ಬೇಕಾದರೂ ಜಾರಬಹುದು ಎಂದು ರುಜು ಮಾಡಿದ್ದೇನೆ. ನನ್ನ ಮೇಲಿನವರಿಗೂ ಒಂದು ಪ್ರತಿ ಹೋಗಿದೆ. ಕೆಲಸ ಹೋದರೆ ಹೋಗಲಿ.

ಈಗ ಮಳೆಯ ಮಾತು. ಬಿರುಕಿನೊಳಗೆ ನೀರು ನಿಂತರೆ ಅದು ಬಂಡೆಯನ್ನು ಹಿಂದಿನಿಂದ ನೂಕುತ್ತದೆ. ಮದ್ದು ಸಡಿಲ ಮಾಡಿದೆ, ನೀರು ತಳ್ಳುತ್ತದೆ. ಮೃಗಶಿರ ಮಳೆ ಹಿಡಿಯುವ ಮೊದಲು ಮೇಲಿನ ಸಾಲು ಖಾಲಿಯಾಗಬೇಕು. ನೀನೂ ಇನ್ನು ಅಲ್ಲಿಗೆ ಅಳೆಯಲು ಹೋಗಕೂಡದು.

ಭೀಮು

ದೊಣೆಪಾಳ್ಯ
7-6-1995

ಭೀಮು,

ಕಾಗದ ಮುಟ್ಟಿತು. ಓದಿದ್ದೇನೆ. ಅದರ ಬಗ್ಗೆ ಈಗ ಬರೆಯಲು ನನಗೆ ವ್ಯವಧಾನವಿಲ್ಲ.

ನಿನ್ನ ಪತ್ರವನ್ನು ತಹಸೀಲ್ದಾರರ ಕೈಗೇ ಕೊಟ್ಟೆ. ಎರಡು ಸಲ ಓದಿ, ಕನ್ನಡಕ ತೆಗೆದು ನನ್ನನ್ನು ನೋಡಿದರು. ಹದಿನೈದು ದಿನ ಮದ್ದು ಸಿಡಿಸಕೂಡದೆಂದು ಆಜ್ಞೆಯಾಗಿದೆ. ಪರಿಶೀಲನೆಗೆ ಬೆಂಗಳೂರಿನಿಂದ ಇಂಜಿನಿಯರು ಬರಬೇಕಂತೆ. ಮನೆ ಖಾಲಿ ಮಾಡಿಸಲು ಅವರು ಬಂದು ನೋಡಿದ ಮೇಲೆಯೇ ಅಪ್ಪಣೆಯಂತೆ.

ಕ್ವಾರಿ ನಿಂತ ದಿನದಿಂದ ಊರಿನಲ್ಲಿ ಯಾರೂ ನನ್ನ ಮುಖ ನೋಡಿ ಮಾತಾಡುತ್ತಿಲ್ಲ. ಹಾಲು ಹಾಕುವವಳು ಬರುವುದನ್ನು ಬಿಟ್ಟಿದ್ದಾಳೆ.

ಮನೆಗಳನ್ನು ಖಾಲಿ ಮಾಡಿಸುವ ಅಧಿಕಾರ ನನಗಿಲ್ಲ. ಶಾಲೆಯದು ಇದೆ. ಒಂದನೇ ತಾರೀಖು ಬಾಗಿಲು ತೆರೆದ ದಿನವೇ ಬೋರ್ಡು, ಗಂಟೆ, ಹಾಜರಿ ಪುಸ್ತಕ ಹೊರಿಸಿಕೊಂಡು ಕೆರೆಯ ಆಚೆ ಮಾವಿನ ತೋಪಿಗೆ ಹೋದೆ. ಸುರಿಯುವ ದಿನ ತೋಪಿನ ಮನೆಯ ಜಗುಲಿಯಲ್ಲಿ ಪಾಠ. ಮಕ್ಕಳು ಅಲ್ಲಿದ್ದರೆ ತಾಯಂದಿರು ಮನೆಯಲ್ಲಿ ಎಷ್ಟು ಹೊತ್ತು ಇರುತ್ತಾರೆ? ನಾಲ್ಕು ದಿನದಲ್ಲಿ ಆರು ಮನೆಯವರು ಕೆಳಗಿನ ಸಾಲಿನ ನೆಂಟರ ಮನೆ ಸೇರಿದರು. ನಿನ್ನೆ ಇನ್ನೂ ನಾಲ್ಕು. ಬೈದುಕೊಂಡೇ ಹೋದರು, ಹೋಗಲಿ. ಉಳಿದವಳು ದ್ಯಾವಮ್ಮ ಒಬ್ಬಳೇ. ಅವಳು ಬರುವುದಿಲ್ಲ, ಮೇಕೆಗಳು ಬಂದರೆ ಹಿಂದೆಯೇ ಬರುತ್ತಾಳೆ. ಕದಿಯುವುದೊಂದೇ ದಾರಿ.

ವೆಂಕಟರಮಣಪ್ಪ ಮೊನ್ನೆ ತೋಪಿಗೇ ಬಂದಿದ್ದರು. ಸಿಟ್ಟು ಮಾಡಲಿಲ್ಲ. ಎರಡು ಕಾಗದದ ನಕಲನ್ನೂ ಜೇಬಿನಿಂದ ತೆಗೆದು ನನ್ನ ಹಾಜರಿ ಪುಸ್ತಕದ ಮೇಲಿಟ್ಟರು.

"ಎರಡ್ರಲ್ಲೂ ಒಂದೇ ರುಜು ಐತಲ್ಲ ಟೀಚರಮ್ಮ. ಯಾವುದು ನಿಜ?"

"ಎರಡ್ನೇದು," ಎಂದೆ.

"ಹಂಗಾದ್ರೆ ಎರಡು ವರ್ಷ ನಾನು ಏನ್ ಮಾಡ್ತಿದ್ದೆ?"

ಕಾಗದಗಳನ್ನು ಮಡಚಿ ಜೇಬಿಗೆ ಹಾಕಿಕೊಂಡು, ಮಳೆ ಬಂದರೆ ಏನಾಗುತ್ತದೆ ಎಂದು ಕೇಳಿದರು. ನೀನು ಬರೆದಂತೆಯೇ ಹೇಳಿದೆ. ತಲೆಯಾಡಿಸಿ ಹೋದರು.

ರೋಹಿಣಿ ಮಳೆ ನಿಲ್ಲದೆ ಸುರಿಯಿತು. ನಿನ್ನೆಯಿಂದ ಬೆಟ್ಟದ ಬುಡದಲ್ಲಿ, ಶಾಲೆಯ ಹಿಂದೆ, ಹೊಸದಾಗಿ ನೀರು ಜಿನುಗುತ್ತಿದೆ. ಕೆಂಪು ನೀರು.

ಅನುಸೂಯ

ಪೋರ್ಟ್ ಬ್ಲೇರ್
16-6-1995

ಅಕ್ಕ,

ಕೆಂಪು ನೀರು ಎಂದರೆ ಬಂಡೆಯ ಅಡಿಯ ಮಣ್ಣು ಕೊಚ್ಚಿಹೋಗುತ್ತಿದೆ. ಇಂಜಿನಿಯರು ಬರಲಿ ಬಿಡಲಿ, ಬೆಟ್ಟಕ್ಕೆ ಯಾರೂ ಕಾಲಿಡಬಾರದು. ದೊಡ್ಡಬಳ್ಳಾಪುರದ ಅಂಚೆ ಕಚೇರಿಗೆ ಇವತ್ತು ತಂತಿಯನ್ನೂ ಕೊಟ್ಟಿದ್ದೇನೆ. ಟೆಲಿಫೋನಿಗೆ ಎರಡು ಗಂಟೆ ಕಾದೆ, ಲೈನು ಸಿಗಲಿಲ್ಲ.

ಇಲ್ಲಿ ಬೆಟ್ಟ ಸುಮ್ಮನಾಗುತ್ತ ಬಂದಿದೆ. ಹೊಗೆ ಕಡಿಮೆ. ನನ್ನನ್ನು ಕೆಲಸದಿಂದ ಅಮಾನತು ಮಾಡಿದ್ದಾರೆ, ವಿಚಾರಣೆ ನಡೆಯುತ್ತದೆ. ಒಳ್ಳೆಯದೇ ಆಯಿತು, ಊರಿಗೆ ಬರಲು ರಜೆ ಕೇಳಬೇಕಾಗಿಲ್ಲ. ಮುಂದಿನ ಮದರಾಸು ಹಡಗು ಇಪ್ಪತ್ತೆಂಟಕ್ಕೆ.

ಬರಲಾ? ನೀನು ಬಾ ಎಂದರೆ ಮಾತ್ರ ಬರುತ್ತೇನೆ.

ಭೀಮು

ದೊಣೆಪಾಳ್ಯ
18-6-1995

ಭೀಮು,

ಹದಿನಾಲ್ಕನೇ ತಾರೀಖು, ಬುಧವಾರ, ಬೆಳಿಗ್ಗೆ ಹನ್ನೊಂದೂಕಾಲಕ್ಕೆ ಅಜ್ಜಿಬಂಡೆ ಬಿದ್ದಿತು.

ಮಳೆ ಬಿಟ್ಟು ಬಿಸಿಲು ಬಂದಿತ್ತು. ಮೂರನೇ ತರಗತಿಗೆ ಮಗ್ಗಿ ಹೇಳಿಸುತ್ತಿದ್ದೆ. ದ್ಯಾವಮ್ಮ ನನ್ನೆದುರಿಗೇ ನಿಂತು, ಬೆಳಿಗ್ಗೆ ನಾನು ಹೊಡೆದುಕೊಂಡು ಬಂದಿದ್ದ ಮೇಕೆಗಳ ಹಗ್ಗ ಬಿಚ್ಚುತ್ತ, "ಓದ್ಸೋ ಕೈಯಾಗೆ ಕಳ್ತನ ಮಾಡ್ತೀಯಲ್ಲೇ" ಎಂದು ಬಾಯಿಗೆ ಬಂದಂತೆ ಬೈಯುತ್ತಿದ್ದಳು. ಮೊದಲು ಹಕ್ಕಿಗಳು ಎದ್ದವು. ಆಮೇಲೆ ಬಂಡೆ ಕದಲಿತು. ಎಷ್ಟು ನಿಧಾನ ಗೊತ್ತೇ, ಮುದುಕಿಯೊಬ್ಬಳು ಕೂತಲ್ಲಿಂದ ಏಳುವ ಹಾಗೆ. ಸದ್ದು ಬಂದದ್ದು ಎಲ್ಲ ಮುಗಿಯುವಾಗ. ಧೂಳು ಕೆರೆಯ ಈಚೆಗೂ ಬಂದು ಮಾವಿನ ಎಲೆಯ ಮೇಲೆ ಕೂತಿತು. ಅದು ಇಳಿದ ಮೇಲೆ ನೋಡಿದರೆ ಹನ್ನೊಂದು ಮನೆಗಳಿರಲಿಲ್ಲ. ಶಾಲೆ ಇರಲಿಲ್ಲ. ಮಕ್ಕಳನ್ನು ಎಣಿಸಿದೆ. ಅರವತ್ತೆರಡು. ಮತ್ತೆ ಎಣಿಸಿದೆ. ಮಕ್ಕಳಲ್ಲಿ ಒಬ್ಬರೂ ಅಳಲಿಲ್ಲ. ದ್ಯಾವಮ್ಮ ಬಿಚ್ಚಿದ ಹಗ್ಗವನ್ನು ಮತ್ತೆ ಕಟ್ಟಿದಳು.

ಊರಿನವರೆಲ್ಲ ಇದ್ದೇವೆ. ಮೂರು ಮನೆಯವರು ಬಂದು ನನ್ನ ಕಾಲಿಗೆ ಬಿದ್ದರು. ನನಗೆ ಬೇಡವಾಗಿತ್ತು.

ಏಕೆಂದರೆ ವೆಂಕಟರಮಣಪ್ಪ ಬೆಟ್ಟದ ಮೇಲಿದ್ದರು.

ಬಿರುಕಿನೊಳಗೆ ನೀರು ಹೋಗದ ಹಾಗೆ ಸಿಮೆಂಟು ತುಂಬಿಸಲು ಇಬ್ಬರು ಆಳುಗಳನ್ನು ಕರೆದುಕೊಂಡು ಬೆಳಿಗ್ಗೆಯೇ ಹತ್ತಿದ್ದರಂತೆ. ನಮಗೆ ತಿಳಿದಿರಲಿಲ್ಲ. "ನೀರೊಂದು ಒಳಕ್ಕೋಗ್ದೇ ಇದ್ರೆ ಎರಡು ಕಾಗ್ದಾನೂ ನಿಜ ಆಗ್ತವೆ ಕಣ್ರಲಾ" ಎಂದರಂತೆ. ಮೂಟೆ ಸಾಲದೆ ಆಳುಗಳನ್ನು ಕೆಳಕ್ಕೆ ಕಳಿಸಿ, ತಾವೊಬ್ಬರೇ ಕರಣೆ ಹಿಡಿದು ಮೆತ್ತುತ್ತ ಕೂತಿದ್ದಾರೆ. ಆಳುಗಳು ಅರ್ಧ ದಾರಿ ಇಳಿದಿದ್ದಾಗ ಬಂಡೆ ಹೋಯಿತು. ಅವರ ದೇಹ ಸಿಕ್ಕಿದ್ದು ಮೂರನೇ ದಿನ.

ಮಳೆ ನೀರು ಬಂಡೆಯನ್ನು ನೂಕುತ್ತದೆ ಎಂದು ಅವರಿಗೆ ಹೇಳಿದವಳು ನಾನು. ನೀರಿನ ಮಾತು ಹೇಳಿದೆ. ಅಲ್ಲಿಗೆ ಹೋಗಬೇಡಿ ಎಂಬ ಮಾತು ನೀನು ನನಗೆ ಬರೆದಿದ್ದೆ, ನಾನು ಅವರಿಗೆ ಹೇಳಲಿಲ್ಲ. ಕ್ವಾರಿಯ ಯಜಮಾನನಿಗೆ ಅದು ಬೇಕು ಎಂದು ನನಗೆ ತೋಚಲೇ ಇಲ್ಲ. ಎರಡು ವರ್ಷ ನಿನ್ನ ಮೇಲೆ ಹೊತ್ತ ಸಿಟ್ಟನ್ನು ಈಗ ಎಲ್ಲಿ ಇಳಿಸಲಿ, ಗೊತ್ತಾಗುತ್ತಿಲ್ಲ.

ನಿನ್ನೆ ಅವರ ಹೆಂಡತಿ ಪಾಪಮ್ಮನನ್ನು ನೋಡಲು ಸೂಲಿಬೆಲೆಯ ತವರಿಗೆ ಹೋಗಿದ್ದೆ. ಗೋಡೆಗೊರಗಿ ಕೂತಿದ್ದಳು. ಅತ್ತು ಕೂಗಾಡಬಹುದು ಎಂದುಕೊಂಡಿದ್ದೆ. ಹಾಗೇನೂ ಮಾಡಲಿಲ್ಲ. "ಮೊದ್ಲು ಬರ್ದಾಗ ಆ ಸಾಹೇಬ್ರು ಏನು ನೋಡಿದ್ರು ಅಂತ ನಂಗೆ ತಿಳೀಬೇಕು" ಎಂದಳು. ನಿನ್ನ ಕಾಗದ ನನ್ನ ಚೀಲದಲ್ಲೇ ಇತ್ತು. ತೆಗೆಯಲಿಲ್ಲ. "ಕಾಗ್ದ ಬ್ಯಾಡ ಕಣಕ್ಕ, ಕಾಗ್ದ ನಂಬಿ ಸಾಕಾಯ್ತು. ಅವ್ರೇ ಬಂದು ಬಾಯ್ಬಿಟ್ಟು ಹೇಳ್ಲಿ" ಎಂದಳು.

ನಿನ್ನ ತಂತಿ ಮುಟ್ಟಿತು. ನೀನು ಬರಬೇಕು. ಯಾವ ದಿನ ಎಂದು ತಿಳಿಸು. ಬಸ್ ಸ್ಟ್ಯಾಂಡಿಗೆ ನಾನು ಬರುವುದಿಲ್ಲ. ನೀನು ನೇರವಾಗಿ ಸೂಲಿಬೆಲೆಗೆ ಹೋಗು, ನಾನು ಪಾಪಮ್ಮನ ಮನೆಯಲ್ಲಿ ಇರುತ್ತೇನೆ. ನಿನ್ನ ಪಕ್ಕದಲ್ಲೇ ಕೂರುತ್ತೇನೆ. ನೀನು ಹೇಳಿ ಮುಗಿಸಿದ ಮೇಲೆ ನಾನು ಹೇಳಬೇಕಾದದ್ದೂ ಇದೆ.

ನಿನ್ನ ಅಕ್ಕ